ಗುತ್ತೆ ಹಿಡಿದವರೆಲ್ಲ ಗುತ್ತೇದಾರರೇ?

ಆಳಂದ ತಾಲ್ಲೂಕಿನ ನರೋಣಾ ಸುತ್ತಮುತ್ತಲಿನ ಹಳ್ಳಿಗಳಲ್ಲಿ ತೊಗರಿ ಕೊಯ್ಲಿನ ದಿನಗಳು ಬಂದರೆ ಒಂದು ಪ್ರಶ್ನೆ ಮನೆ ಮನೆಯಲ್ಲೂ ಏಳುತ್ತದೆ: ‘ಈ ಸಲ ಕೂಲಿ ಮ್ಯಾಲೋ, ಗುತ್ತೆ ಮ್ಯಾಲೋ?’ ಕೂಲಿ ಎಂದರೆ ದಿನದ ಲೆಕ್ಕ. ಬೆಳಿಗ್ಗೆ ಹೊಲಕ್ಕೆ ಇಳಿದವರು ಸಂಜೆ ದುಡ್ಡು ಎಣಿಸಿಕೊಂಡು ಹೋಗುತ್ತಾರೆ. ಗುತ್ತೆ ಎಂದರೆ ಕೆಲಸದ ಲೆಕ್ಕ. ಹತ್ತು ಮಂದಿ ಸೇರಿ ಎಕರೆಗೆ ಇಷ್ಟು ಎಂದು ಮಾತಾಡಿಕೊಂಡು, ತಮಗೆ ಬೇಕಾದ ಹೊತ್ತಿಗೆ ಬಂದು ಕೊಯ್ದು ಮುಗಿಸುತ್ತಾರೆ. ರೈತನಿಗೂ ಆಳುಗಳಿಗೂ ಇದು ಹಣದ ಲೆಕ್ಕಾಚಾರ ಮಾತ್ರ.

ಆದರೆ ಇದೇ ವ್ಯತ್ಯಾಸ ಹೊಲದ ಬದು ದಾಟಿ ಬೀಡಿ ಬ್ರಾಂಚು, ದಾಲ್ ಮಿಲ್ಲು, ಸಕ್ಕರೆ ಕಾರ್ಖಾನೆ ಮತ್ತು ಸರ್ಕಾರಿ ಕಚೇರಿಯ ಬಾಗಿಲಿಗೆ ಬಂದಾಗ ಅದರ ತೂಕವೇ ಬದಲಾಗುತ್ತದೆ. ಅಲ್ಲಿ ಕೆಲಸ ಮಾಡುವವನು ಮಾಲೀಕನ ನೌಕರನೋ, ಅಥವಾ ಸ್ವತಂತ್ರ ಗುತ್ತಿಗೆದಾರನೋ? ನೌಕರ ಎಂದಾದರೆ ಭವಿಷ್ಯನಿಧಿ, ಗ್ರ್ಯಾಚುಯಿಟಿ, ಕೆಲಸದಲ್ಲಿ ಗಾಯವಾದರೆ ಪರಿಹಾರ, ಕಾರಣವಿಲ್ಲದೆ ಹೊರಹಾಕಿದರೆ ಕಾರ್ಮಿಕ ನ್ಯಾಯಾಲಯದ ದಾರಿ ಎಲ್ಲವೂ ಉಂಟು. ಗುತ್ತಿಗೆದಾರ ಎಂದಾದರೆ ಮಾತಾಡಿದ ದುಡ್ಡಷ್ಟೇ. ಇಪ್ಪತ್ತು ವರ್ಷ ದುಡಿದ ಕೈಗೆ ಕೊನೆಗೆ ಏನು ಸಿಗಬೇಕು ಎಂಬುದನ್ನು ಈ ಒಂದು ಪದ ನಿರ್ಧರಿಸುತ್ತದೆ.

ಹೆಸರಾಗಿ ಉಳಿದ ಕಸುಬು

ಗುತ್ತಿಗೆ ಕನ್ನಡಕ್ಕೆ ಹೊಸ ಪದವಲ್ಲ. ಭೂಮಿಯನ್ನು ಗೇಣಿಗೆ ಕೊಡುವ ಅರ್ಥದಲ್ಲಿ ‘ಗುತ್ತಗೆ’ ಎಂಬ ರೂಪ ವಿಜಯನಗರ ಕಾಲದ ಶಾಸನಗಳಲ್ಲೇ ಕಾಣುತ್ತದೆ. ಕಲಬುರಗಿ ಸೀಮೆಯಲ್ಲಿ ಈ ಪದಕ್ಕೆ ಇನ್ನೊಂದು ಬಾಳು ದೊರೆಯಿತು. ಹೈದರಾಬಾದ್ ಸಂಸ್ಥಾನದ ಕಾಲದಲ್ಲಿ ಸೇಂದಿ, ಸಾರಾಯಿ ಮಾರುವ ಹಕ್ಕನ್ನು ಸರ್ಕಾರ ಹರಾಜು ಹಾಕುತ್ತಿತ್ತು. ಹರಾಜಿನಲ್ಲಿ ಕೂಗಿ ಹಿಡಿದವನು ಗುತ್ತೇದಾರ. 1948ರಲ್ಲಿ ಸಂಸ್ಥಾನ ಹೋಯಿತು. ಆದರೆ ‘ಗುತ್ತೇದಾರ’ ಎಂಬುದು ಆಳಂದ, ಅಫಜಲಪುರ ಭಾಗದಲ್ಲಿ ಮನೆತನದ ಹೆಸರಾಗಿ ಉಳಿಯಿತು. ಈ ಹೆಸರಿನವರು ಎರಡೂ ತಾಲ್ಲೂಕುಗಳಿಂದ ವಿಧಾನಸಭೆಗೂ ಹೋಗಿದ್ದಾರೆ.

ಆ ಹಳೆಯ ಗುತ್ತೇದಾರನ ಲಕ್ಷಣಗಳನ್ನು ಗಮನಿಸಬೇಕು. ಹರಾಜಿಗೆ ಬಂಡವಾಳ ಹೂಡುವವನು ಅವನೇ. ಆಳು ಇಡುವವನು, ಆಳು ಬಿಡಿಸುವವನು ಅವನೇ. ವರ್ಷ ಚೆನ್ನಾಗಿ ಬಂದರೆ ಲಾಭ ಅವನದು, ಕೆಟ್ಟರೆ ನಷ್ಟವೂ ಅವನದು. ಕಾನೂನಿನ ಭಾಷೆಯಲ್ಲಿ ಸ್ವತಂತ್ರ ಗುತ್ತಿಗೆದಾರ ಎಂದರೆ ಇವನೇ. ಎಕರೆಗೆ ಇಷ್ಟೆಂದು ತೊಗರಿ ಕೊಯ್ಯುವ ಹೆಣ್ಣುಮಗಳ ಬಂಡವಾಳ ಅವಳ ಎರಡು ಕೈ ಮತ್ತು ಒಂದು ಕುಡುಗೋಲು. ಇಬ್ಬರ ಕೆಲಸಕ್ಕೂ ಗುತ್ತೆ ಎಂಬ ಒಂದೇ ಹೆಸರು. ಕಾನೂನು ಕಳೆದ ಒಂದೂವರೆ ಶತಮಾನದಿಂದ ಬಿಡಿಸಲು ಹೆಣಗುತ್ತಿರುವುದು ಈ ಒಗಟನ್ನೇ.

ಒಡೆಯನ ಮಾತು ಎಲ್ಲಿಯವರೆಗೆ?

ಒಗಟಿನ ಮೂಲ ಇಂಗ್ಲೆಂಡಿನಲ್ಲಿದೆ. ಆಳು ಮಾಡಿದ ತಪ್ಪಿಗೆ ಒಡೆಯ ದಂಡ ಕಟ್ಟಬೇಕೆ ಎಂಬ ಪ್ರಶ್ನೆ ಅಲ್ಲಿನ ನ್ಯಾಯಾಲಯಗಳಿಗೆ ಮತ್ತೆ ಮತ್ತೆ ಬರುತ್ತಿತ್ತು. ಯಾರು ಆಳು ಎಂಬುದಕ್ಕೆ 1880ರ ಒಂದು ತೀರ್ಪು ಸರಳ ಅಳತೆಗೋಲು ಕೊಟ್ಟಿತು. ಏನು ಮಾಡಬೇಕು ಎಂಬುದನ್ನಷ್ಟೇ ಅಲ್ಲ, ಹೇಗೆ ಮಾಡಬೇಕು ಎಂಬುದನ್ನೂ ಒಡೆಯ ಹೇಳಬಲ್ಲನಾದರೆ ಕೆಲಸ ಮಾಡುವವನು ಆಳು. ಇದಕ್ಕೆ ‘ಹತೋಟಿಯ ಪರೀಕ್ಷೆ’ ಎಂದು ಹೆಸರಾಯಿತು.

ಈ ಅಳತೆಗೋಲು ಬಹುಕಾಲ ಸಾಗಿತು. ಆದರೆ ಆಸ್ಪತ್ರೆಯ ಶಸ್ತ್ರವೈದ್ಯನಿಗೆ ಕತ್ತಿ ಹೇಗೆ ಹಿಡಿಯಬೇಕೆಂದು ಆಡಳಿತ ಮಂಡಳಿ ಹೇಳಬಲ್ಲದೆ? ಹಾಗೆ ಹೇಳಲಾಗದು ಎಂಬ ಕಾರಣಕ್ಕೆ ಅವನು ಆಸ್ಪತ್ರೆಯ ನೌಕರನಲ್ಲವೆ? 1952ರಲ್ಲಿ ನ್ಯಾಯಮೂರ್ತಿ ಡೆನ್ನಿಂಗ್ ಬೇರೆ ದಾರಿ ತೋರಿಸಿದರು. ಕೆಲಸ ಸಂಸ್ಥೆಯ ವ್ಯವಹಾರದ ಅಂಗವೇ ಆಗಿದೆಯೋ, ಅಥವಾ ಪಕ್ಕದಲ್ಲಿ ನಿಂತು ನೆರವಾಗುವಂಥದ್ದೋ ನೋಡಿ ಎಂದರು. ಅವರು ಕೊಟ್ಟ ಉದಾಹರಣೆಗಳು ಸ್ವಾರಸ್ಯಕರವಾಗಿವೆ. ಮನೆಯ ಕಾರಿನ ಚಾಲಕ ನೌಕರ, ಬಾಡಿಗೆ ಟ್ಯಾಕ್ಸಿಯವನು ಅಲ್ಲ. ಪತ್ರಿಕೆಯ ಸಿಬ್ಬಂದಿ ವರದಿಗಾರ ನೌಕರ, ಆಗಾಗ ಲೇಖನ ಕಳಿಸುವವನು ಅಲ್ಲ. ಈ ಟ್ಯಾಕ್ಸಿಯವನ ಕಥೆ ಎಪ್ಪತ್ತು ವರ್ಷಗಳ ನಂತರ ತಿರುಗಿ ಬರಲಿದೆ.

ಉಪ್ಪಿನ ಬಯಲಿನಿಂದ ಬಂದ ಉತ್ತರ

ಸ್ವತಂತ್ರ ಭಾರತದಲ್ಲಿ ಈ ಪ್ರಶ್ನೆ ಸುಪ್ರೀಂ ಕೋರ್ಟಿಗೆ ಮೊದಲು ಗಟ್ಟಿಯಾಗಿ ತಲುಪಿದ್ದು ಉಪ್ಪಿನ ಬಯಲಿನಿಂದ. ಕಚ್ಛದ ರಣದ ಅಂಚಿನಲ್ಲಿ ಉಪ್ಪು ತೆಗೆಯುವ ಅಗರಿಯಾಗಳಿಗೆ ಧ್ರಾಂಗಧ್ರಾ ಕೆಮಿಕಲ್ ವರ್ಕ್ಸ್ ಎಂಬ ಕಂಪನಿ ಹಂಗಾಮಿಗೆ ಒಂದೊಂದು ಪಟ್ಟಿ ಜಾಗ ಕೊಡುತ್ತಿತ್ತು. ಅವರು ಹೆಂಡತಿ ಮಕ್ಕಳೊಂದಿಗೆ ಬಾವಿ ತೋಡಿ, ಉಪ್ಪುನೀರು ಹಾಯಿಸಿ, ಹರಳು ಕಟ್ಟಿಸಿ ಮಣದ ಲೆಕ್ಕದಲ್ಲಿ ಹಣ ಪಡೆಯುತ್ತಿದ್ದರು. ಕೆಲಸಕ್ಕೆ ಹೊತ್ತು ಗೊತ್ತಿರಲಿಲ್ಲ. ಬೇಕಾದರೆ ತಮ್ಮ ಖರ್ಚಿನಲ್ಲಿ ಆಳು ಇಟ್ಟುಕೊಳ್ಳಬಹುದಿತ್ತು. ಹಾಗಾಗಿ ಅವರು ಗುತ್ತಿಗೆದಾರರು ಎಂಬುದು ಕಂಪನಿಯ ವಾದ.

1956ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಈ ವಾದವನ್ನು ಒಪ್ಪಲಿಲ್ಲ. ಕಂಪನಿಯವರು ಹಂತ ಹಂತದಲ್ಲೂ ಉಪ್ಪು ಪರೀಕ್ಷಿಸುತ್ತಿದ್ದರು. ಗುಣಮಟ್ಟಕ್ಕೆ ಬಾರದ್ದನ್ನು ತಿರಸ್ಕರಿಸುತ್ತಿದ್ದರು. ತಿರಸ್ಕರಿಸಿದ ಉಪ್ಪನ್ನಾದರೂ ಅಗರಿಯಾ ಹೊರಗೆ ಮಾರಿಕೊಳ್ಳಬಹುದಿತ್ತೆ? ಅದೂ ಇಲ್ಲ. ಸ್ವಂತ ವ್ಯಾಪಾರ ಮಾಡುವವನಿಗೆ ತನ್ನ ಸರಕಿನ ಮೇಲೆ ಇಷ್ಟೂ ಹಕ್ಕಿಲ್ಲವೆ? ಅಗರಿಯಾ ತಾನೇ ಮೈಮುರಿದು ದುಡಿಯುತ್ತಾನೆ, ಜೊತೆಗೆ ಇನ್ನೊಬ್ಬರನ್ನು ಇಟ್ಟುಕೊಂಡ ಮಾತ್ರಕ್ಕೆ ಅವನು ಕಾರ್ಮಿಕನಲ್ಲದೆ ಹೋಗುವುದಿಲ್ಲ ಎಂದಿತು ನ್ಯಾಯಾಲಯ.

ಬೀಡಿಯ ಕಟ್ಟಿನೊಳಗಿನ ತಕರಾರು

ಕರ್ನಾಟಕದ ಮಟ್ಟಿಗೆ ಈ ವ್ಯಾಜ್ಯದ ಮುಖ್ಯ ಅಧ್ಯಾಯ ಬೀಡಿಯದು. ಕಾರ್ಖಾನೆಯ ಗೋಡೆಯಿಲ್ಲದೆಯೂ ನಡೆಯುವ ಉದ್ಯಮವಿದು. ಕಂಪನಿ ಎಲೆ, ತಂಬಾಕು, ನೂಲು ಕೊಡುತ್ತದೆ. ನಡುವೆ ಒಬ್ಬ ಕಂಟ್ರಾಕ್ಟುದಾರ. ಅವನ ಬ್ರಾಂಚಿನಿಂದ ಸಾಮಾನು ಒಯ್ದ ಹೆಂಗಸರು ಮನೆಯ ಜಗಲಿಯಲ್ಲಿ ಕೂತು, ಅಡಿಗೆ, ಮಕ್ಕಳು, ಹಟ್ಟಿಯ ಕೆಲಸದ ನಡುವೆ ಬೀಡಿ ಕಟ್ಟುತ್ತಾರೆ. ಸಾವಿರಕ್ಕೆ ಇಷ್ಟು ಎಂಬುದು ಮಜೂರಿ. ಮಂಗಳೂರು, ಕಾಸರಗೋಡು ಸೀಮೆಯ ಸಾವಿರಾರು ಮನೆಗಳು ಹೀಗೆ ನಡೆದವು. ಆಳಂದದಿಂದ ದೂರವಿಲ್ಲದ ಸೊಲ್ಲಾಪುರವೂ ಬೀಡಿಗೆ ಹೆಸರಾದ ಊರು.

ಆಕೆಯ ಮಾಲೀಕ ಯಾರು? ಕಂಪನಿಯವರ ಪ್ರಕಾರ ಕಂಟ್ರಾಕ್ಟುದಾರ. ಕಂಟ್ರಾಕ್ಟುದಾರನ ಪ್ರಕಾರ ಯಾರೂ ಅಲ್ಲ, ಆಕೆ ತನ್ನಿಷ್ಟದಂತೆ ದುಡಿಯುವವಳು. ನ್ಯಾಯಾಲಯಗಳೂ ಬಹುಕಾಲ ಅತ್ತಿತ್ತ ತೂಗಿದವು. 1958ರಲ್ಲಿ ಮಧ್ಯಪ್ರದೇಶದ ಚಿಂತಾಮಣ ರಾವ್ ಪ್ರಕರಣದಲ್ಲಿ ಬೀಡಿ ಮಾಡಿಸಿ ತಂದೊಪ್ಪಿಸುವ ‘ಸಟ್ಟೇದಾರ’ರು ಸ್ವತಂತ್ರ ಗುತ್ತಿಗೆದಾರರು, ಕಾರ್ಖಾನೆಯ ಕಾರ್ಮಿಕರಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. ಸಟ್ಟೇದಾರ ಎಂದರೆ ನಮ್ಮ ಗುತ್ತೇದಾರನ ಅಣ್ಣತಮ್ಮನೇ. ಅನಂತರ ಬಂದ ನಾಗಪುರದ ಬಿರ್ಧಿಚಂದ್ ಶರ್ಮಾ ಪ್ರಕರಣದಲ್ಲಿ, ಕಾರ್ಖಾನೆಯಲ್ಲೇ ಕೂತು ಬೀಡಿ ಕಟ್ಟುವವರು ತುಂಡುಲೆಕ್ಕದ ಮಜೂರಿ ಪಡೆದರೂ ಕಾರ್ಮಿಕರೇ ಎಂದಾಯಿತು. ಹೆಚ್ಚು ಕಾಲ ಕಳೆಯುವ ಮೊದಲೇ ಶಂಕರ ಬಾಲಾಜಿ ವಾಜೆ ಪ್ರಕರಣ ಬಂತು. ಅಲ್ಲಿಯೂ ಕೆಲಸ ಕಾರ್ಖಾನೆಯೊಳಗೇ. ಆದರೆ ಮನಸ್ಸು ಬಂದಾಗ ಬಂದು ಮನಸ್ಸು ಬಂದಾಗ ಎದ್ದು ಹೋಗುವ ಸ್ವಾತಂತ್ರ್ಯ ಇತ್ತು ಎಂಬ ಕಾರಣಕ್ಕೆ ಬಹುಮತದ ತೀರ್ಪು ಅವನು ಕಾರ್ಮಿಕನಲ್ಲ ಎಂದಿತು. ನ್ಯಾಯಮೂರ್ತಿ ಸುಬ್ಬರಾವ್ ಭಿನ್ನ ತೀರ್ಪು ಬರೆದರು. ಒಂದೇ ಬಗೆಯ ಕೆಲಸಕ್ಕೆ ಎರಡು ಬಗೆಯ ನ್ಯಾಯ ಸಿಕ್ಕಂತಾಯಿತು.

1964ರಲ್ಲಿ ಮದ್ರಾಸ್ ರಾಜ್ಯದ ದಿವಾನ್ ಮೊಹಿದೀನ್ ಸಾಹೇಬ್ ಪ್ರಕರಣ ನಡುವಿನವನ ಮುಸುಕನ್ನೇ ಸರಿಸಿತು. ಅಲ್ಲಿನ ಕಂಟ್ರಾಕ್ಟುದಾರರು ಹೆಸರಿಗೆ ಮಾತ್ರ ಕಂಟ್ರಾಕ್ಟುದಾರರು. ಎಲೆ, ತಂಬಾಕು ಕಂಪನಿಯದು, ದರ ಕಂಪನಿಯದು, ಸರಕೂ ಕಂಪನಿಗೇ. ನಡುವಿನವನು ಬರಿಯ ಏಜೆಂಟ, ನಿಜವಾದ ಮಾಲೀಕ ಕಂಪನಿ ಎಂದು ಕೋರ್ಟ್ ತೀರ್ಮಾನಿಸಿತು.

ಹೀಗೆ ಪ್ರಕರಣಕ್ಕೊಂದು ಉತ್ತರ ಬರುತ್ತಿದ್ದ ಕಾಲದಲ್ಲಿ ಸಂಸತ್ತು ತಾನೇ ಉತ್ತರ ಬರೆಯಿತು. 1966ರ ಬೀಡಿ ಮತ್ತು ಸಿಗಾರ್ ಕಾರ್ಮಿಕರ ಕಾಯ್ದೆಯು, ಮಾಲೀಕನಿಂದಾಗಲಿ ಕಂಟ್ರಾಕ್ಟುದಾರನಿಂದಾಗಲಿ ಕಚ್ಚಾ ಸಾಮಾನು ಪಡೆದು ಮನೆಯಲ್ಲಿ ಬೀಡಿ ಕಟ್ಟುವವರೂ ನೌಕರರೇ ಎಂದು ವ್ಯಾಖ್ಯೆಯಲ್ಲೇ ಸೇರಿಸಿತು. ಕಂಟ್ರಾಕ್ಟುದಾರನ ಹಿಂದಿರುವ ಕಂಪನಿಯನ್ನು ಪ್ರಧಾನ ಮಾಲೀಕನನ್ನಾಗಿಸಿತು. ಉದ್ಯಮ ಸುಮ್ಮನಿರಲಿಲ್ಲ. ಕಾಯ್ದೆಯ ವಿರುದ್ಧ ಹಲವು ರಾಜ್ಯಗಳಿಂದ ಹೋದ ಅರ್ಜಿಗಳು ಮಂಗಳೂರು ಗಣೇಶ್ ಬೀಡಿ ವರ್ಕ್ಸ್ ಹೆಸರಿನಲ್ಲಿ ದಾಖಲಾಗಿ, 1974ರಲ್ಲಿ ಸುಪ್ರೀಂ ಕೋರ್ಟ್ ಕಾಯ್ದೆಯ ಮುಖ್ಯ ಭಾಗಗಳನ್ನು ಎತ್ತಿಹಿಡಿಯಿತು. ಕಾರ್ಮಿಕ ಕಾನೂನಿನ ಪುಸ್ತಕಗಳಲ್ಲಿ ಕರಾವಳಿಯ ಆ ಊರಿನ ಹೆಸರು ಇಂದಿಗೂ ಹೀಗೆ ಉಳಿದಿದೆ.

ತಿರಸ್ಕರಿಸುವ ಕೈ

ಉಳಿದದ್ದು ಭವಿಷ್ಯನಿಧಿಯ ಪ್ರಶ್ನೆ. ಮನೆಯಲ್ಲಿ ಕೂತವಳ ಮೇಲೆ ಕಂಪನಿಗೆ ಎಂಥ ಮೇಲ್ವಿಚಾರಣೆ ಎಂದು ಮಾಲೀಕರು ಕೇಳಿದರು. 1985ರಲ್ಲಿ ಪಿ.ಎಂ. ಪಟೇಲ್ ಪ್ರಕರಣದಲ್ಲಿ ಬಂದ ಉತ್ತರ ಈ ಇಡೀ ಚರ್ಚೆಯ ತಿರುಳು ಎನ್ನಬಹುದು. ಬೀಡಿ ಕಟ್ಟುವುದು ಹೇಳಿಕೊಡುತ್ತ ಪಕ್ಕದಲ್ಲಿ ನಿಲ್ಲಬೇಕಾದ ಕೆಲಸವಲ್ಲ. ಆದರೆ ಕಟ್ಟಿ ತಂದ ಬೀಡಿಯನ್ನು ಎಣಿಸಿ, ನೋಡಿ, ಸರಿಯಿಲ್ಲದ್ದನ್ನು ತೆಗೆದು ಹಾಕುವ ಹಕ್ಕು ಕಂಪನಿಗಿದೆ. ಆ ಹಕ್ಕೇ ಹತೋಟಿ. ಆದ್ದರಿಂದ ಮನೆಯಲ್ಲಿ ಬೀಡಿ ಕಟ್ಟುವವಳೂ ನೌಕರಳೇ, ಅವಳಿಗೂ ಭವಿಷ್ಯನಿಧಿ ಸಲ್ಲಬೇಕು ಎಂದಿತು ಸುಪ್ರೀಂ ಕೋರ್ಟ್.

ಬೀಡಿ ಕಟ್ಟುವವರಿಗೆ ಅತಿ ಹೆಚ್ಚು ನೋವು ಕೊಡುವುದು ಈ ತಿರಸ್ಕಾರವೇ. ದಿನವಿಡೀ ಕಟ್ಟಿದ್ದರಲ್ಲಿ ಹಿಡಿ ಬೀಡಿ ಪಕ್ಕಕ್ಕೆ ಸರಿದರೆ ಅಷ್ಟು ಮಜೂರಿ ಹೋಯಿತು. ಸಾಮಾನ್ಯವಾಗಿ ನೂರಕ್ಕೆ ಐದಕ್ಕಿಂತ ಹೆಚ್ಚು ತಿರಸ್ಕರಿಸಬಾರದು ಎಂದು ಕಾಯ್ದೆಯಡಿ ನಿಯಮ ಮಾಡಬೇಕಾಗಿ ಬಂದದ್ದು ಅದಕ್ಕಾಗಿಯೇ. ಆಕೆಯ ಮಜೂರಿಗೆ ಕತ್ತರಿ ಹಾಕಿದ ಕೈಯೇ ಆಕೆಯ ಮಾಲೀಕ ಯಾರೆಂಬುದಕ್ಕೆ ಸಾಕ್ಷಿಯಾಯಿತು.

ಹೊಲಿಗೆಯ ಕೆಲಸದಲ್ಲೂ ಇದೇ ತರ್ಕ ನಡೆಯಿತು. ಸಿಕಂದರಾಬಾದಿನ ಒಂದು ಹೊಲಿಗೆ ಅಂಗಡಿಯ ದರ್ಜಿಗಳು ತುಂಡುಲೆಕ್ಕದಲ್ಲಿ ಹೊಲಿಯುತ್ತಿದ್ದರು, ಬಟ್ಟೆಯನ್ನು ಮನೆಗೂ ಒಯ್ಯುತ್ತಿದ್ದರು, ಬೇರೆ ಅಂಗಡಿಗೂ ಹೊಲಿಯಬಹುದಿತ್ತು. ಆದರೆ ಅಂಗಡಿಯಲ್ಲಿನ ಯಂತ್ರ ಮಾಲೀಕನದು, ಹೊಲಿಗೆ ಕೆಟ್ಟರೆ ಬಿಚ್ಚಿಸಿ ಮತ್ತೆ ಹೊಲಿಸುವ ಹಕ್ಕೂ ಅವನದು. ಹತೋಟಿಯೊಂದೇ ಪರೀಕ್ಷೆಯಲ್ಲ, ಹಲವು ಸಂಗತಿಗಳನ್ನು ಒಟ್ಟಿಗೆ ತೂಗಬೇಕು ಎಂದ 1973ರ ತೀರ್ಪು ಅವರನ್ನು ನೌಕರರೆಂದಿತು. 1978ರಲ್ಲಿ ಕೋಯಿಕ್ಕೋಡಿನ ಹಗ್ಗದ ಕಾರ್ಖಾನೆಯ ಪ್ರಕರಣದಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಇನ್ನೂ ಮುಂದೆ ಹೋದರು. ಕಾಗದದ ಮೇಲೆ ಎಷ್ಟು ಜನ ನಡುವಿನವರು ನಿಂತಿದ್ದರೂ ಮುಸುಕು ಎತ್ತಿ ನೋಡಬೇಕು. ಯಾರು ಕೈಬಿಟ್ಟರೆ ಕಾರ್ಮಿಕನ ಅನ್ನ ಹೋಗುತ್ತದೋ ಅವನೇ ಮಾಲೀಕ ಎಂಬುದು ಆ ತೀರ್ಪಿನ ಸಾರ.

ತಿರುಗಿದ ಗಾಳಿ

ಈ ಉದಾರ ದೃಷ್ಟಿ ಹಾಗೆಯೇ ಉಳಿಯಲಿಲ್ಲ. 1970ರ ಗುತ್ತಿಗೆ ಕಾರ್ಮಿಕರ ಕಾಯ್ದೆಯಡಿ ಯಾವುದಾದರೂ ಕೆಲಸದಲ್ಲಿ ಗುತ್ತಿಗೆ ಪದ್ಧತಿಯನ್ನು ನಿಷೇಧಿಸಿದರೆ ಅಲ್ಲಿದ್ದವರು ತಾವಾಗಿಯೇ ಕಂಪನಿಯ ನೌಕರರಾಗುತ್ತಾರೆ ಎಂದು 1996ರಲ್ಲಿ ಸುಪ್ರೀಂ ಕೋರ್ಟ್ ಹೇಳಿತ್ತು. 2001ರಲ್ಲಿ ಭಾರತೀಯ ಉಕ್ಕು ಪ್ರಾಧಿಕಾರದ ಪ್ರಕರಣದಲ್ಲಿ ಸಂವಿಧಾನ ಪೀಠ ಅದನ್ನು ತಳ್ಳಿಹಾಕಿತು. ಗುತ್ತಿಗೆ ಬರಿಯ ತೋರಿಕೆಯದೆಂದು ಸಾಬೀತಾದರೆ ಮಾತ್ರ ಅವರು ಕಂಪನಿಯ ನೌಕರರು. 2014ರ ಇನ್ನೊಂದು ತೀರ್ಪು ತೂಗಬೇಕಾದ ಅಂಶಗಳನ್ನು ಪಟ್ಟಿ ಮಾಡಿತು. ನೇಮಿಸುವವರು ಯಾರು, ಸಂಬಳ ಕೊಡುವವರು ಯಾರು, ತೆಗೆದುಹಾಕುವವರು ಯಾರು, ಶಿಸ್ತುಕ್ರಮ ಯಾರದು, ಕೆಲಸ ನಿರಂತರವಾಗಿದೆಯೆ, ಪೂರ್ಣ ಹತೋಟಿ ಯಾರಿಗಿದೆ?

ಸರ್ಕಾರವೇ ಮಾಲೀಕನಾದಾಗ ಪ್ರಶ್ನೆ ಇನ್ನೂ ಕಠಿಣ. ಕರ್ನಾಟಕದ ವಾಣಿಜ್ಯ ತೆರಿಗೆ ಇಲಾಖೆಯಲ್ಲಿ ವರ್ಷಗಟ್ಟಲೆ ದಿನಗೂಲಿಯಲ್ಲಿ ದುಡಿದವರ ಪ್ರಕರಣವೇ ಉಮಾದೇವಿ ಪ್ರಕರಣ. ಕ್ರಮಬದ್ಧ ನೇಮಕಾತಿ ಇಲ್ಲದೆ ಬಂದವರು ಕಾಯಂ ಆಗುವ ಹಕ್ಕು ಕೇಳುವಂತಿಲ್ಲ ಎಂದು 2006ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ದೇಶದ ಎಲ್ಲ ದಿನಗೂಲಿ ನೌಕರರ ಮೇಲೂ ಬಿತ್ತು. ಈ ತೀರ್ಪನ್ನು ದೀರ್ಘಕಾಲ ದುಡಿದವರ ವಿರುದ್ಧ ಆಯುಧವಾಗಿ ಬಳಸಬಾರದು ಎಂದು 2024ರ ಡಿಸೆಂಬರಿನಲ್ಲಿ ಅದೇ ನ್ಯಾಯಾಲಯ ಎಚ್ಚರಿಸಬೇಕಾಯಿತು.

ಅಂಗನವಾಡಿಯದೂ ಕರ್ನಾಟಕದ್ದೇ ಕಥೆ. 1975ರ ಅಕ್ಟೋಬರ್ 2ರಂದು ಈ ಯೋಜನೆ ಆರಂಭವಾದಾಗ ರಾಜ್ಯದ ಮೊದಲ ಕೇಂದ್ರವಾದದ್ದು ತಿರುಮಕೂಡಲು ನರಸೀಪುರ. ಇಂದು ಹಳ್ಳಿ ಹಳ್ಳಿಯಲ್ಲೂ ಅಂಗನವಾಡಿ ಇದೆ. ಕಾರ್ಯಕರ್ತೆಗೆ ಸಿಗುವ ಹಣಕ್ಕೆ ಸಂಬಳ ಎಂಬ ಹೆಸರಿಲ್ಲ, ‘ಗೌರವಧನ’ ಎನ್ನುತ್ತಾರೆ. ಅವರದು ಸರ್ಕಾರಿ ಹುದ್ದೆಯಲ್ಲ ಎಂದು 2006ರಲ್ಲಿ ಕರ್ನಾಟಕ ಸರ್ಕಾರ ಮತ್ತು ಅಮೀರ್‌ಬಿ ನಡುವಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ತೀರ್ಮಾನಿಸಿತು. ಹದಿನಾರು ವರ್ಷಗಳ ನಂತರ, 2022ರ ಏಪ್ರಿಲಿನಲ್ಲಿ, ಗುಜರಾತಿನ ಕಾರ್ಯಕರ್ತೆಯರ ಪ್ರಕರಣದಲ್ಲಿ ಅದೇ ನ್ಯಾಯಾಲಯ ಗೌರವಧನವೂ ಕಾನೂನಿನ ಅರ್ಥದಲ್ಲಿ ವೇತನವೇ, ಅವರಿಗೆ ಗ್ರ್ಯಾಚುಯಿಟಿ ಸಲ್ಲುತ್ತದೆ ಎಂದಿತು. ಇಲ್ಲೊಂದು ಸೂಕ್ಷ್ಮವಿದೆ. ಒಬ್ಬರೇ ವ್ಯಕ್ತಿ ಒಂದು ಕಾನೂನಿಗೆ ನೌಕರರಾಗಿ, ಇನ್ನೊಂದಕ್ಕೆ ಆಗದೆಯೂ ಇರಬಹುದು.

ಉತ್ತರ ಸಿಗದವರು

ಬೀಡಿಗೆ ಸಂಸತ್ತು ಬರೆದಂಥ ಉತ್ತರ ಎಲ್ಲ ಕಸುಬಿಗೂ ಸಿಗಲಿಲ್ಲ. ಅಫಜಲಪುರ, ಆಳಂದ ಭಾಗದಲ್ಲಿ ಕಬ್ಬು ನುರಿಸುವ ಹಂಗಾಮು ಬಂದರೆ ಗ್ಯಾಂಗುಗಳು ಕಬ್ಬು ಕಡಿಯಲು ಇಳಿಯುತ್ತವೆ. ಗಡಿಯಾಚೆಯ ಬೀಡ ಸೀಮೆಯ ರೂಢಿಯಲ್ಲಿ ಗಂಡ ಹೆಂಡತಿ ಸೇರಿ ಒಂದು ‘ಕೋಯ್ತಾ’. ಹಂಗಾಮಿಗೆ ಮೊದಲೇ ಮುಕಾದಮನಿಂದ ಮುಂಗಡ ಪಡೆದು, ಟನ್ ಲೆಕ್ಕದಲ್ಲಿ ಕಡಿದು ಅದನ್ನು ತೀರಿಸಬೇಕು. ಕಬ್ಬು ರೈತನದು, ಕಡಿಯುವ ಸರದಿ ಕಾರ್ಖಾನೆಯದು, ಮುಂಗಡ ಮುಕಾದಮನದು. ಕೈಗೆ ಕೋಯ್ತಾ ತಗಲಿದರೆ ಯಾರ ಬಾಗಿಲಿಗೆ ಹೋಗಬೇಕು? ಮುಂಗಡ ಎಂಬುದು ಬಿಡಿಸಿಕೊಳ್ಳಲಾಗದ ಕಟ್ಟಾದರೆ ಅದು ಗುತ್ತಿಗೆಯೂ ಅಲ್ಲ, ನೌಕರಿಯೂ ಅಲ್ಲ. ಜೀತ ಮತ್ತು ಹೈದರಾಬಾದ್ ಸೀಮೆಯ ‘ಭಗೇಲಾ’ಗಳನ್ನು ಹೆಸರಿಸಿಯೇ 1976ರ ಜೀತ ವಿಮುಕ್ತಿ ಕಾಯ್ದೆ ರದ್ದು ಮಾಡಿತು.

ಕಲಬುರಗಿಯ ಮಂಡಿ, ದಾಲ್ ಮಿಲ್ಲುಗಳಲ್ಲಿ ತೊಗರಿ ಮೂಟೆ ಹೊರುವ ಹಮಾಲನ ಸ್ಥಿತಿ ಇನ್ನೊಂದು ಬಗೆಯದು. ಬೆಳಿಗ್ಗೆ ಒಬ್ಬರ ಲಾರಿ, ಮಧ್ಯಾಹ್ನ ಇನ್ನೊಬ್ಬರ ಗೋದಾಮು. ಹಲವರು ಮಾಲೀಕರಿದ್ದವನಿಗೆ ಮಾಲೀಕನೇ ಇಲ್ಲ. ಇಂಥವರಿಗೆ ರಾಜ್ಯದ ಅಸಂಘಟಿತ ಕಾರ್ಮಿಕರ ಸಾಮಾಜಿಕ ಭದ್ರತಾ ಮಂಡಳಿ ಬೇರೆ ದಾರಿ ಹಿಡಿಯಿತು. ಮಾಲೀಕನನ್ನು ಹುಡುಕುವ ಬದಲು ಹಮಾಲರನ್ನು ನೇರವಾಗಿ ನೋಂದಾಯಿಸಿಕೊಂಡು ನೆರವಾಗುವುದು.

ಇದೇ ದಾರಿಯಲ್ಲಿ ಈಗ ಮೊಬೈಲ್ ಆ್ಯಪಿನ ಕಾರ್ಮಿಕರೂ ಬಂದಿದ್ದಾರೆ. ಡೆನ್ನಿಂಗ್ ಹೇಳಿದ ಟ್ಯಾಕ್ಸಿಯವನು ಮರಳಿ ಬಂದದ್ದು ಇಲ್ಲಿಯೇ. ದರ, ಗಿರಾಕಿ, ಅಂಕ ಎಲ್ಲವನ್ನೂ ಕಂಪನಿಯೇ ನಿರ್ಧರಿಸುವಾಗ ಚಾಲಕ ಸ್ವತಂತ್ರನೆ? ಇಂಗ್ಲೆಂಡಿನ ಸರ್ವೋಚ್ಚ ನ್ಯಾಯಾಲಯ 2021ರ ಫೆಬ್ರುವರಿಯಲ್ಲಿ ಊಬರ್ ಚಾಲಕರಿಗೆ ಕನಿಷ್ಠ ವೇತನ, ರಜೆಯಂಥ ಹಕ್ಕುಗಳಿವೆ ಎಂದಿತು. ಕರ್ನಾಟಕ ಹೈಕೋರ್ಟಿನ ಏಕಸದಸ್ಯ ಪೀಠ 2024ರ ಸೆಪ್ಟೆಂಬರಿನಲ್ಲಿ, ಲೈಂಗಿಕ ಕಿರುಕುಳ ತಡೆ ಕಾಯ್ದೆಯ ಮಟ್ಟಿಗೆ ಆ್ಯಪ್ ಟ್ಯಾಕ್ಸಿಯ ಚಾಲಕ ಕಂಪನಿಯ ನೌಕರ ಎಂದು ಹೇಳಿತು. ಮುಂದಿನ ತಿಂಗಳೇ ವಿಭಾಗೀಯ ಪೀಠ ಅದಕ್ಕೆ ತಡೆ ನೀಡಿತು. 2025ರಲ್ಲಿ ಬಂದ ಕರ್ನಾಟಕದ ಗಿಗ್ ಕಾರ್ಮಿಕರ ಕಾಯ್ದೆ ನೌಕರನೋ ಅಲ್ಲವೋ ಎಂಬ ಪ್ರಶ್ನೆಯನ್ನು ಬದಿಗಿಟ್ಟು, ಕಾರ್ಮಿಕನಿಗೆ ಸಲ್ಲುವ ಹಣದ ಶೇಕಡಾ 1ರಿಂದ 5ರಷ್ಟನ್ನು ಕಲ್ಯಾಣ ಶುಲ್ಕವಾಗಿ ಕಂಪನಿಗಳಿಂದ ವಸೂಲು ಮಾಡುವ ಏರ್ಪಾಟು ಮಾಡಿತು.

2025ರ ನವೆಂಬರ್ 21ರಂದು ನಾಲ್ಕು ಕಾರ್ಮಿಕ ಸಂಹಿತೆಗಳು ದೇಶದಲ್ಲಿ ಜಾರಿಗೆ ಬಂದವು. 1966ರ ಬೀಡಿ ಕಾಯ್ದೆ, 1970ರ ಗುತ್ತಿಗೆ ಕಾರ್ಮಿಕರ ಕಾಯ್ದೆ ಅವುಗಳಲ್ಲಿ ವಿಲೀನವಾಗಿವೆ. ಮೊದಲು 20 ಗುತ್ತಿಗೆ ಕಾರ್ಮಿಕರಿದ್ದಲ್ಲಿ ಅನ್ವಯಿಸುತ್ತಿದ್ದ ನಿಯಮ ಈಗ 50 ಮಂದಿ ಇದ್ದಲ್ಲಿ ಮಾತ್ರ. ಉದ್ಯಮದ ಮುಖ್ಯ ಕೆಲಸಕ್ಕೆ ಗುತ್ತಿಗೆ ಕಾರ್ಮಿಕರನ್ನು ಬಳಸಬಾರದೆಂಬ ನಿಯಮವಿದೆ, ಜೊತೆಗೆ ವಿನಾಯಿತಿಗಳೂ ಇವೆ. ಕಾಯ್ದೆ ಬದಲಾದರೂ ಹಳೆಯ ಪ್ರಶ್ನೆ ಹೊಸ ಪುಸ್ತಕಕ್ಕೆ ಬಂದು ಕೂತಿದೆ.

ಕಾಗದವೂ ಮುಖ್ಯ

ಇಷ್ಟೆಲ್ಲ ತೀರ್ಪುಗಳಿಂದ ಕೆಲಸ ಮಾಡುವವನಿಗೆ ಉಳಿಯುವ ಪಾಠ ಏನು? ಸಾಮಾನು ಯಾರದು, ದರ ಕಟ್ಟುವವರು ಯಾರು, ಬೇಡವೆಂದು ಬಿಸಾಡುವ ಹಕ್ಕು ಯಾರದು, ತನ್ನ ಬದಲಿಗೆ ಇನ್ನೊಬ್ಬರನ್ನು ಕಳಿಸಬಹುದೆ, ನಷ್ಟವಾದರೆ ಹೊರುವವರು ಯಾರು ಎಂಬುದನ್ನು ನ್ಯಾಯಾಲಯ ಕೇಳುತ್ತದೆ. ಒಪ್ಪಂದದ ತಲೆಬರಹ ಏನೇ ಹೇಳಲಿ, ಕೊನೆಗೆ ಗೆಲ್ಲುವುದು ನಿಜ ಸಂಗತಿ. ಆದರೆ ನಿಜವನ್ನು ತೋರಿಸುವ ಹೊಣೆ ಕೇಳುವವನದೇ. ತಾನು ನೌಕರ ಎಂದು ಹೇಳುವವನೇ ಅದನ್ನು ಸಾಬೀತು ಮಾಡಬೇಕು ಎಂದು 2004ರ ನೀಲಗಿರಿ ಸಹಕಾರ ಸಂಘದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ಬೀಡಿ ಕಟ್ಟುವವಳ ಪಾಸ್‌ಬುಕ್ಕು, ಹಾಜರಿ ಚೀಟಿ, ಬ್ಯಾಂಕಿಗೆ ಬಿದ್ದ ಮಜೂರಿಯ ದಾಖಲೆ, ಗುರುತಿನ ಚೀಟಿ ಬರಿಯ ಕಾಗದದ ಚೂರುಗಳಲ್ಲ. ಇಪ್ಪತ್ತು ವರ್ಷದ ದುಡಿಮೆಗೆ ಇರುವ ಸಾಕ್ಷಿ ಅವಷ್ಟೇ.

ಹೈದರಾಬಾದ್ ಸಂಸ್ಥಾನದ ಗುತ್ತೇದಾರನಿಗೆ ಇಂಥ ಸಾಕ್ಷಿ ಬೇಕಿರಲಿಲ್ಲ. ಹರಾಜಿನ ಕಾಗದ ಅವನ ಕೈಯಲ್ಲೇ ಇತ್ತು, ಕೊನೆಗೆ ಹೆಸರಿಗೂ ಅದು ಅಂಟಿಕೊಂಡಿತು. ತುಂಡುಲೆಕ್ಕದಲ್ಲಿ ದುಡಿದ ಬಹುಪಾಲು ಜನರ ಕೆಲಸ ಯಾವ ಹೆಸರಿಗೂ ಅಂಟಲಿಲ್ಲ. ನರೋಣಾ ಭಾಗದ ಹೊಲಗಳಲ್ಲಿ ಮುಂದಿನ ಹಂಗಾಮಿಗೂ ‘ಕೂಲಿಯೋ ಗುತ್ತೆಯೋ’ ಎಂಬ ಮಾತು ಕೇಳಿಬರುತ್ತದೆ. ಹೊಲದಲ್ಲಿ ಅದಕ್ಕೆ ಉತ್ತರ ಸುಲಭ. ಹೊಲದ ಹೊರಗೆ ಅದೇ ಪ್ರಶ್ನೆ ಎದ್ದಾಗ, ದುಡಿದದ್ದು ಯಾರಿಗಾಗಿ ಎಂಬುದನ್ನೂ ಕೂಡಿಸಿ ಕೇಳಬೇಕಾಗುತ್ತದೆ.